ಫ್ರಾಂಕ್‌ಫರ್ಟ್ ಕಡೆ ಕಿವಿಯಿಟ್ಟ ಗಡಿಯಾರ: ಹಾಸನದ ಒಂದು ಪ್ರಕರಣ

ಜುಲೈ ತಿಂಗಳ ಒಂದು ಸಂಜೆ ಚಿಕ್ಕಪ್ಪ ಫೋನ್ ಮಾಡಿದರು. "ಬಾರೋ ಒಂದ್ಸಲ ಮನೆ ಕಡೆ. ಜರ್ಮನಿ ಗಡಿಯಾರ ವಾರಕ್ಕೆ ನಾಲ್ಕು ದಿನ ಎರರ್ ತೋರಿಸ್ತಿದೆ."

ಸುಮ್ನೆ ಕೆಟ್ಟಿದೆ ಅಂದಿದ್ದರೆ ಭಾನುವಾರ ನೋಡೋಣ ಅನ್ನುತ್ತಿದ್ದೆ. ವಾರಕ್ಕೆ ನಾಲ್ಕೇ ದಿನ ಕೆಡುವ ವಸ್ತುವನ್ನು ನಾನು ಕಂಡಿರಲಿಲ್ಲ. ಮಾರನೇ ದಿನವೇ ಕೆ.ಆರ್. ಪುರಂನ ಅವರ ಮನೆಗೆ ಹೋದೆ.

ಚಿಕ್ಕಪ್ಪ ರೈಲ್ವೆಯಲ್ಲಿ ಸ್ಟೇಷನ್ ಮಾಸ್ಟರ್ ಆಗಿದ್ದವರು. ಸರ್ವಿಸಿನ ಬಹುಪಾಲು ಸಕಲೇಶಪುರದ ಘಾಟಿ ಕಡೆಯೇ ಕಳೆಯಿತು. ನಿವೃತ್ತರಾಗಿ ವರ್ಷಗಳಾದರೂ ಟೈಮ್ ವಿಷಯದಲ್ಲಿ ಡ್ಯೂಟಿ ಮುಗಿದಿಲ್ಲ. ಕೈಯಲ್ಲಿ ಹಳೇ ಎಚ್‌ಎಂಟಿ. ಅದು ಬೆಳಿಗ್ಗೆ ಆಕಾಶವಾಣಿ ವಾರ್ತೆಗೆ ಅರ್ಧ ನಿಮಿಷ ಆಚೀಚೆಯಾದರೂ ಅವರಿಗೆ ಸಮಾಧಾನವಿಲ್ಲ. ಇದು ಗೊತ್ತಿದ್ದೇ ಅವರ ಮಗಳು, ಸ್ಟುಟ್‌ಗಾರ್ಟ್‌ನಲ್ಲಿರುವ ನನ್ನ ತಂಗಿ, ಜೂನ್‌ನಲ್ಲಿ ಬಂದಾಗ ಒಂದು ಟೇಬಲ್ ಗಡಿಯಾರ ತಂದಿದ್ದಳು. ರೇಡಿಯೋ ಸಿಗ್ನಲ್ ಹಿಡಿದು ತಾನೇ ಸರಿಹೋಗುವಂಥದ್ದು. "ಅಪ್ಪ, ಇದು ಒಂದು ಸೆಕೆಂಡೂ ತಪ್ಪಲ್ಲ" ಅಂತ ಹೇಳಿ ಕೊಟ್ಟಿದ್ದಳು. ಅಲ್ಲಿಯ ಮನೆಯಲ್ಲಿ ಅದು ತಪ್ಪಿಯೂ ಇರಲಿಲ್ಲ.

ನಾಲ್ಕು ದಿನದ ಎರರ್

ನಾನು ಹೋದದ್ದು ಗುರುವಾರ. ಪರದೆಯ ಮೂಲೆಯಲ್ಲಿ ಇಂಗ್ಲಿಷಿನ ಡಿ ಮತ್ತು ಓ, ಎರಡಕ್ಷರ. "ನೋಡು, ಏನೋ ಡೂ ಮಾಡು ಅಂತಿದೆ, ಏನ್ ಮಾಡಬೇಕೋ ಹೇಳ್ತಿಲ್ಲ" ಅಂದರು. ಹಿಂದಿನ ದಿನ ಎಂ ಮತ್ತು ಐ ಬಂದಿತ್ತಂತೆ. ಅದರ ಹಿಂದಿನ ದಿನ ಡಿ, ಐ. ಎಲ್ಲವನ್ನೂ ಪಂಚಾಂಗದ ಹಿಂಬದಿಯಲ್ಲಿ ತಾರೀಕು ಸಮೇತ ಬರೆದಿಟ್ಟಿದ್ದರು. ದೂರು ಕೊಡುವವರೆಲ್ಲ ಹೀಗೆ ಬರೆದಿಟ್ಟರೆ ರಿಪೇರಿಯವರ ಅರ್ಧ ಕೆಲಸ ಕಡಿಮೆಯಾಗುತ್ತದೆ.

ಆ ಪಟ್ಟಿಯನ್ನು ಒಂದು ಸಲ ಓದಿದ ಮೇಲೆ ನಗು ಬಂತು. ಅವು ಜರ್ಮನ್ ವಾರಗಳ ಹೆಸರು. ಮಂಗಳವಾರ ಡೀನ್‌ಸ್ಟಾಗ್, ಬುಧವಾರ ಮಿಟ್‌ವೋಖ್, ಗುರುವಾರ ಡೊನ್ನರ್ಸ್‌ಟಾಗ್, ಭಾನುವಾರ ಸೊನ್‌ಟಾಗ್. ಸೋಮ, ಶುಕ್ರ, ಶನಿವಾರಗಳ ಮೊದಲ ಎರಡಕ್ಷರ ಜರ್ಮನ್‌ನಲ್ಲೂ ಇಂಗ್ಲಿಷ್‌ನಲ್ಲೂ ಒಂದೇ. ಹಾಗಾಗಿ ಆ ಮೂರು ದಿನ ಗಡಿಯಾರ 'ಸರಿಯಾಗಿ' ಇತ್ತು, ಉಳಿದ ನಾಲ್ಕು ದಿನ 'ಎರರ್'. ಸೆಟ್ ಬಟನ್ ಒತ್ತಿ ಹಿಡಿದು ಭಾಷೆಯನ್ನು ಇಂಗ್ಲಿಷ್‌ಗೆ ತಂದೆ. ಒಂದು ದೂರು ಎರಡು ನಿಮಿಷಕ್ಕೆ ಮುಗಿಯಿತು.

ಎರಡನೇ ದೂರು ಅಷ್ಟು ಸುಲಭದ್ದಲ್ಲ. ಬ್ಯಾಟರಿ ಹಾಕಿದ ತಕ್ಷಣ ಪರದೆಯಲ್ಲಿ ಪುಟ್ಟ ಟವರ್ ಚಿಹ್ನೆ ಮಿನುಗುತ್ತದೆ. ಐದಾರು ನಿಮಿಷ ಮಿನುಗಿ ಮಾಯವಾಗುತ್ತದೆ. ಮತ್ತೆ ನಡುರಾತ್ರಿ ಎರಡರ ಸುಮಾರಿಗೆ ಮಿನುಗುತ್ತದೆ, ಮತ್ತೆ ಮಾಯ. ಅಂದರೆ ಸಿಗ್ನಲ್ ಹುಡುಕುತ್ತಿದೆ, ಸಿಗುತ್ತಿಲ್ಲ. ಚಿಕ್ಕಪ್ಪ ಕೈಯಿಂದಲೇ ಟೈಮ್ ಇಟ್ಟು ನೋಡಿದ್ದರು. ಇಪ್ಪತ್ತು ದಿನಕ್ಕೆ ಹನ್ನೊಂದು ಸೆಕೆಂಡ್ ಮುಂದೆ ಹೋಗಿತ್ತು. "ಇದಕ್ಕಿಂತ ನನ್ನ ಎಚ್‌ಎಂಟಿ ವಾಸಿ" ಅನ್ನುವುದು ಅವರ ತೀರ್ಪು. (ವಾಸಿ ಏನಲ್ಲ. ಅದನ್ನು ದಿನಾ ಬೆಳಿಗ್ಗೆ ತಿದ್ದುವವರು ಅವರೇ.)

ನಾನು ಬರುವ ಮುಂಚೆ ಆಗಿದ್ದು

ಬ್ಯಾಟರಿ ಮೂರು ಸಲ ಬದಲಾಗಿತ್ತು. ಟೆರೇಸ್ ಮೇಲೆ ಒಂದು ರಾತ್ರಿ ಪ್ಲಾಸ್ಟಿಕ್ ಡಬ್ಬಿಯಲ್ಲಿ ಇಟ್ಟು ನೋಡಿದ್ದರು. ಮಳೆ ಬಂತು, ಸಿಗ್ನಲ್ ಬರಲಿಲ್ಲ. ಪಕ್ಕದ ಮನೆಯವರು, "ಸಾಲಗಾಮೆ ರಸ್ತೆಯಲ್ಲಿ ಇಸ್ರೊದವರ ಅಷ್ಟು ದೊಡ್ಡ ಡಿಶ್‌ಗಳಿವೆ, ಆ ಕಡೆ ತಿರುಗಿಸಿ ಇಡಿ" ಎಂದಿದ್ದರಂತೆ. ಅದನ್ನೂ ಮಾಡಿದ್ದರು. ಕೊನೆಗೆ ಪೇಟೆಯ ಒಂದು ಅಂಗಡಿಗೆ ಕೊಟ್ಟರು. ಅವರು ಹಿಂಬದಿ ಬಿಚ್ಚಿ, ಒಳಗಿನ ಕಪ್ಪು ಕಡ್ಡಿಯನ್ನೂ ಅದಕ್ಕೆ ಸುತ್ತಿದ ತಾಮ್ರದ ತಂತಿಯನ್ನೂ ನೋಡಿ, "ಕಾಯಿಲ್ ಸುಟ್ಟಿದೆ, ಪಾರ್ಟ್ ಸಿಗಲ್ಲ" ಎಂದು ವಾಪಸ್ ಕೊಟ್ಟರು.

ಆ ಕಡ್ಡಿಯೇ ಇದರ ಕಿವಿ. ಫೆರೈಟ್ ಆಂಟೆನಾ. ಹಳೇ ಟ್ರಾನ್ಸಿಸ್ಟರ್ ರೇಡಿಯೋ ಬಿಚ್ಚಿದವರಿಗೆಲ್ಲ ಗೊತ್ತಿರುವ ವಸ್ತು.

ಪಕ್ಕದ ಮನೆಯವರ ಸಲಹೆ ಕೇಳಿ ನಗಬೇಕಿಲ್ಲ. 1982ರಿಂದ ಹಾಸನದಲ್ಲಿ ಇಸ್ರೊದ ಮಾಸ್ಟರ್ ಕಂಟ್ರೋಲ್ ಫೆಸಿಲಿಟಿ ಇದೆ. ಇನ್ಸಾಟ್ ಉಪಗ್ರಹಗಳನ್ನು ಇಲ್ಲಿಂದಲೇ ನೋಡಿಕೊಂಡವರು ಅವರು. ಇಂಥ ಊರಲ್ಲಿ ಸಿಗ್ನಲ್ ಇಲ್ಲ ಅಂದರೆ ಯಾರು ನಂಬುತ್ತಾರೆ? ಆದರೆ ಆ ಡಿಶ್‌ಗಳು ಮಾತಾಡುವುದು ಆಕಾಶದ ಜೊತೆ, ಕೆಲವೇ ಸೆಂಟಿಮೀಟರ್ ಉದ್ದದ ಅಲೆಗಳಲ್ಲಿ. ಈ ಗಡಿಯಾರ ಕೇಳುವುದು 77.5 ಕಿಲೋಹರ್ಟ್ಜ್‌ನಲ್ಲಿ. ಅದರ ಒಂದೊಂದು ಅಲೆ ಹತ್ತಿರ ಹತ್ತಿರ ನಾಲ್ಕು ಕಿಲೋಮೀಟರ್ ಉದ್ದ. ಇಬ್ಬರದೂ ಬೇರೆ ಬೇರೆ ಭಾಷೆ.

ಯಾರ ಟೈಮ್ ಕೇಳುತ್ತಿದೆ?

ಇಂಥ ಗಡಿಯಾರ ಎದುರಿಗೆ ಬಂದರೆ ಸ್ಕ್ರೂಡ್ರೈವರ್ ಎತ್ತುವ ಮೊದಲು ಹಿಂಬದಿಯ ಅಕ್ಷರ ಓದಬೇಕು. ಇದರ ಹಿಂದೆ ಡಿಸಿಎಫ್ ಎಂದಿತ್ತು. ಅಲ್ಲಿಗೆ ಕಾಯಿಲೆ ಏನೆಂದು ಗೊತ್ತಾಯಿತು.

ಡಿಸಿಎಫ್77 ಎಂಬುದು ಜರ್ಮನಿಯ ಫ್ರಾಂಕ್‌ಫರ್ಟ್ ಹತ್ತಿರದ ಮೈನ್‌ಫ್ಲಿಂಗೆನ್ ಎಂಬಲ್ಲಿರುವ ಪ್ರಸಾರ ಕೇಂದ್ರ. ಅಲ್ಲಿಯ ಪರಮಾಣು ಗಡಿಯಾರಗಳ ಟೈಮ್ ಅನ್ನು ಹಗಲೂ ರಾತ್ರಿ ಕಳಿಸುತ್ತದೆ. ಅದು ಚೆನ್ನಾಗಿ ಕೇಳುವುದು ಸುಮಾರು 2,000 ಕಿಲೋಮೀಟರ್ ಒಳಗೆ. ಹಾಸನ ಅಲ್ಲಿಂದ 7,000 ಕಿಲೋಮೀಟರ್‌ಗೂ ಜಾಸ್ತಿ ದೂರ. ಇದೇ ಥರದ ಕೇಂದ್ರಗಳು ಬೇರೆ ಕಡೆಯೂ ಇವೆ. ಇಂಗ್ಲೆಂಡಿನ ಆಂಥಾರ್ನ್‌ನಲ್ಲಿ ಒಂದು, ಅಮೆರಿಕದ ಫೋರ್ಟ್ ಕಾಲಿನ್ಸ್‌ನಲ್ಲಿ ಒಂದು, ಜಪಾನಿನಲ್ಲಿ ಎರಡು, ಚೀನಾದ ಶಾಂಗ್‌ಚಿಯೂನಲ್ಲಿ ಒಂದು. ಇವುಗಳಲ್ಲಿ ನಮಗೆ ಹತ್ತಿರದ್ದು ಚೀನಾದ್ದು, ಅದೂ ನಾಲ್ಕೂವರೆ ಸಾವಿರ ಕಿಲೋಮೀಟರ್ ಮೇಲೆ. ಇಂಥ ಗಡಿಯಾರಗಳಿಗಾಗಿ ಭಾರತದಲ್ಲಿ ದೀರ್ಘ ಅಲೆಯ ಕೇಂದ್ರವಿಲ್ಲ. ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯ ನಮ್ಮ ಅಧಿಕೃತ ಟೈಮ್ ಕಾಯುತ್ತದೆ, ಇಂಟರ್ನೆಟ್ ಮೂಲಕ ಕೊಡುತ್ತದೆ. ಅದನ್ನು ಕೇಳಲು ಈ ಗಡಿಯಾರಕ್ಕೆ ಕಿವಿಯಿಲ್ಲ.

ಅದೃಷ್ಟಕ್ಕೆ ಸಿಗ್ನಲ್ ಸಿಕ್ಕಿದ್ದರೂ ಇನ್ನೊಂದು ತೊಡಕಿತ್ತು. ಟೈಮ್ ಜೋನ್ ಇಡುವಾಗ ಇದರಲ್ಲಿ ಒಂದೊಂದೇ ಗಂಟೆ ಏರಿಸಬಹುದು, ಇಳಿಸಬಹುದು. ಅರ್ಧ ಗಂಟೆ ಇಲ್ಲ. ಬೇಸಿಗೆಯಲ್ಲಿ ನಮಗೂ ಜರ್ಮನಿಗೂ ಮೂರೂವರೆ ಗಂಟೆ ವ್ಯತ್ಯಾಸ, ಚಳಿಗಾಲದಲ್ಲಿ ನಾಲ್ಕೂವರೆ. ಜೂನ್‌ನಲ್ಲಿ ತಂಗಿ ಮೂರು ಇಟ್ಟು ನೋಡಿದಳು, ಅರ್ಧ ಗಂಟೆ ಹಿಂದೆ. ನಾಲ್ಕು ಇಟ್ಟಳು, ಅರ್ಧ ಗಂಟೆ ಮುಂದೆ. ಯುರೋಪಿನವರಿಗೆ ಅರ್ಧ ಗಂಟೆಯ ಅಗತ್ಯವೇ ಬೀಳುವುದಿಲ್ಲ, ಹಾಗಾಗಿ ಇಟ್ಟಿಲ್ಲ. ಊರಿನ ಪಟ್ಟಿಯಲ್ಲಿ ದೆಹಲಿ ಇರುವ ಗಡಿಯಾರಗಳೂ ಬರುತ್ತವೆ. ಅಲ್ಲಿ ಅರ್ಧ ಗಂಟೆಯ ತೊಂದರೆ ತಪ್ಪುತ್ತದೆ, ಸಿಗ್ನಲ್‌ನ ತೊಂದರೆ ತಪ್ಪುವುದಿಲ್ಲ.

ಸಿಗ್ನಲ್ ಇಲ್ಲದಾಗ ಇದು ಒಂದು ಮಾಮೂಲಿ ಕ್ವಾರ್ಟ್ಜ್ ಗಡಿಯಾರ, ಅಷ್ಟೇ. ಒಳಗೆ ಸೆಕೆಂಡಿಗೆ 32,768 ಸಲ ಕಂಪಿಸುವ ಹರಳು. ಅದು ತಿಂಗಳಿಗೆ ಹದಿನೈದಿಪ್ಪತ್ತು ಸೆಕೆಂಡ್ ಆಚೀಚೆ ಆದರೆ ಅದರ ತಪ್ಪೇನೂ ಅಲ್ಲ. ಇಪ್ಪತ್ತು ದಿನಕ್ಕೆ ಹನ್ನೊಂದು ಸೆಕೆಂಡ್ ಅಂದರೆ ಹರಳು ಆರೋಗ್ಯವಾಗಿದೆ ಅಂತ ಅರ್ಥ.

ಇದನ್ನೆಲ್ಲ ಚಿಕ್ಕಪ್ಪನಿಗೆ ಹೇಗೆ ಹೇಳುವುದು ಅಂತ ಯೋಚಿಸುತ್ತಿದ್ದೆ. ಅವರೇ ದಾರಿ ತೋರಿಸಿದರು. "ಅಂದರೆ ನಮ್ಮ ನಾಲ್ಕು ಗಂಟೆ ಟೈಮ್ ಸಿಗ್ನಲ್ ಥರ?" ಎಂದರು. ರೈಲ್ವೆಯಲ್ಲಿ ದಿನಾ 16:00 ಗಂಟೆಗೆ ಸ್ಟೇಷನ್‌ಗಳಿಗೆ ಟೈಮ್ ಬರುತ್ತದೆ. ಕಂಟ್ರೋಲ್ ಫೋನ್ ಹಿಡಿದು, ಅಲ್ಲಿಂದ ಹೇಳಿದ ಟೈಮ್‌ಗೆ ಸ್ಟೇಷನ್ ಗಡಿಯಾರ ಸರಿಮಾಡಬೇಕು. ಎಷ್ಟೋ ವರ್ಷ ಅವರು ಮಾಡಿದ್ದು ಅದನ್ನೇ. ಹೌದು, ಹಾಗೇ ಎಂದೆ. ಇಲ್ಲಿ ಕಂಟ್ರೋಲ್ ಆಫೀಸ್ ಫ್ರಾಂಕ್‌ಫರ್ಟ್‌ನಲ್ಲಿದೆ, ಲೈನ್ ಇಲ್ಲಿವರೆಗೆ ಎಳೆದಿಲ್ಲ.

"ಹಂಗಾದ್ರೆ ಲೈನ್ ಎಳಿ" ಎಂದರು.

ಮನೆಯೊಳಗೇ ಒಂದು ಫ್ರಾಂಕ್‌ಫರ್ಟ್

ಬೇರೆಯವರಾಗಿದ್ದರೆ ರೇಡಿಯೋ ಹುಡುಕಾಟ ಬಂದ್ ಮಾಡಿ, ತಿಂಗಳಿಗೊಮ್ಮೆ ಫೋನ್ ನೋಡಿ ಟೈಮ್ ಸರಿಮಾಡಿಕೊಳ್ಳಿ ಅನ್ನುತ್ತಿದ್ದೆ. ಹತ್ತರಲ್ಲಿ ಒಂಬತ್ತು ಮನೆಗೆ ಅದೇ ಸರಿಯಾದ ಉಪಾಯ. ಕೇಳಿಸದ ಊರಲ್ಲಿ ದಿನಾ ರಾತ್ರಿ ಹುಡುಕಿಸಿ ಬ್ಯಾಟರಿ ತಿನ್ನಿಸುವುದರಲ್ಲಿ ಅರ್ಥವಿಲ್ಲ. ಆದರೆ ಸ್ಟೇಷನ್ ಮಾಸ್ಟರ್ ಲೈನ್ ಎಳಿ ಅಂದಮೇಲೆ ಇಲ್ಲ ಅನ್ನುವುದು ಹೇಗೆ? ನನಗೂ ಆಸೆಯಿತ್ತು ಅನ್ನಿ.

ಡಿಸಿಎಫ್ ಸಿಗ್ನಲ್ ತುಂಬ ಸರಳ. ಅಲೆ ಒಂದೇ ಸಮ ಬರುತ್ತಿರುತ್ತದೆ. ಪ್ರತಿ ಸೆಕೆಂಡ್ ಶುರುವಾದಾಗ ಅದರ ಬಲ ಸ್ವಲ್ಪ ಹೊತ್ತು ಕುಗ್ಗುತ್ತದೆ. ಸೆಕೆಂಡಿನ ಹತ್ತನೇ ಒಂದು ಭಾಗ ಕುಗ್ಗಿದರೆ ಸೊನ್ನೆ, ಹತ್ತನೇ ಎರಡು ಭಾಗ ಕುಗ್ಗಿದರೆ ಒಂದು. ಕೊನೆಯ, ಅಂದರೆ 59ನೇ ಸೆಕೆಂಡಿನಲ್ಲಿ ಕುಗ್ಗುವುದೇ ಇಲ್ಲ. ಆ ಮೌನವೇ ನಿಮಿಷ ಮುಗಿಯಿತೆಂಬ ಗುರುತು. ಹೀಗೆ ಒಂದು ನಿಮಿಷದಲ್ಲಿ ಗಂಟೆ, ನಿಮಿಷ, ತಾರೀಕು, ವಾರ, ತಿಂಗಳು, ವರ್ಷ ಎಲ್ಲ ಬಂದುಬಿಡುತ್ತದೆ.

ಬೆಂಗಳೂರಿನ ಎಸ್‌.ಪಿ. ರೋಡಿನಲ್ಲಿ ಕೊಂಡಿದ್ದ ಇಎಸ್‌ಪಿ32 ಎಂಬ, ಪ್ರೋಗ್ರಾಂ ಹಾಕಬಹುದಾದ ಒಂದು ಪುಟ್ಟ ಬೋರ್ಡ್ ನನ್ನ ಡಬ್ಬಿಯಲ್ಲಿ ಸುಮ್ನೆ ಬಿದ್ದಿತ್ತು. ಅದು ಮನೆಯ ವೈಫೈ ಹಿಡಿದು ಇಂಟರ್ನೆಟ್‌ನಿಂದ ಟೈಮ್ ತರುತ್ತದೆ. ಅದರ ಒಂದು ಪಿನ್ನಿನಲ್ಲಿ 77.5 ಕಿಲೋಹರ್ಟ್ಜ್ ಹುಟ್ಟಿಸಿ, ಮೇಲಿನ ಲೆಕ್ಕದಂತೆ ಆಫ್ ಮಾಡಿ ಆನ್ ಮಾಡುವ ಪ್ರೋಗ್ರಾಂ ಬರೆದೆ. ಪಿನ್ನಿಗೆ ಒಂದು ರೆಸಿಸ್ಟರ್, ಅದರ ಮುಂದೆ ಹತ್ತಿಪ್ಪತ್ತು ಸುತ್ತಿನ ತಂತಿಯ ಬಳೆ. ಈ ಬಳೆಯ ಪಕ್ಕ ಗಡಿಯಾರ ಇಡಬೇಕು.

ಇದರಲ್ಲಿ ಒಂದು ಲಾಭ ಬಿಟ್ಟಿ ಬಂತು. ಗಡಿಯಾರ ಕೇಳಿದ್ದನ್ನು ನಂಬುತ್ತದೆ, ಅಷ್ಟೇ. ಜೋನ್ ಸೊನ್ನೆಗೆ ಇಟ್ಟು, ಜರ್ಮನ್ ಟೈಮ್ ಹೋಗಬೇಕಾದ ಜಾಗದಲ್ಲಿ ಭಾರತದ ಟೈಮ್ ಕಳಿಸಿದರೆ ಅದೇ ಪರದೆಯಲ್ಲಿ ಬರುತ್ತದೆ. ಅರ್ಧ ಗಂಟೆಯ ರಗಳೆಯೇ ಇಲ್ಲ. 17 ಮತ್ತು 18ನೇ ಸೆಕೆಂಡಿನ ಬಿಟ್‌ಗಳು, ಅಂದರೆ ಆ ಸೊನ್ನೆ-ಒಂದುಗಳು, ಬೇಸಿಗೆ ಟೈಮೋ ಚಳಿಗಾಲದ್ದೋ ಎಂದು ಹೇಳುತ್ತವೆ. ಅವನ್ನು ವರ್ಷವಿಡೀ ಚಳಿಗಾಲಕ್ಕೇ ಕಟ್ಟಿಹಾಕಿದೆ.

ಒಂದು ಎಚ್ಚರಿಕೆ ಇಲ್ಲೇ ಹೇಳಿಬಿಡುತ್ತೇನೆ. ನಮ್ಮಲ್ಲಿ ಪರವಾನಗಿ ಇಲ್ಲದೆ ರೇಡಿಯೋ ಪ್ರಸಾರ ಮಾಡುವಂತಿಲ್ಲ. ಈ ಬಳೆಯ ಸಿಗ್ನಲ್ ಗೇಣುದ್ದ ಹೋದರೆ ಸಾಕು, ಹೋಗುವುದೂ ಅಷ್ಟೇ. ಇನ್ನೂ ದೂರ ಹೋಗಲಿ ಅಂತ ಆಂಪ್ಲಿಫೈಯರ್ ಹಾಕುವುದು, ಟೆರೇಸ್ ಮೇಲೆ ಉದ್ದ ತಂತಿ ಎಳೆಯುವುದು ಬೇಡ.

ಮೊದಲ ದಿನ ಏನೂ ಆಗಲಿಲ್ಲ. ಟವರ್ ಮಿನುಗಿತು, ಮಾಯವಾಯಿತು. ತಪ್ಪು ಪ್ರೋಗ್ರಾಂನದೇ ಅಂದುಕೊಂಡು ಎರಡು ರಾತ್ರಿ ಅದನ್ನೇ ಕೆದಕಿದೆ. ಪಿನ್ನಿಗೆ ಎಲ್‌ಇಡಿ ಕಟ್ಟಿ ನೋಡಿದೆ. ಸೆಕೆಂಡಿಗೊಮ್ಮೆ ಕಣ್ಣು ಮಿಟುಕಿಸುತ್ತದೆ, 59ಕ್ಕೆ ಮಿಟುಕಿಸುವುದಿಲ್ಲ. ಎಲ್ಲ ಸರಿಯಿದೆ. ಹಾಗಾದರೆ ಕಿವಿಯದೇ ತೊಂದರೆ ಇರಬಹುದೇ? ಗಡಿಯಾರ ಬಿಚ್ಚಿ ಫೆರೈಟ್ ಕಡ್ಡಿಯ ಸುರುಳಿಗೆ ಮಲ್ಟಿಮೀಟರ್ ಹಿಡಿದೆ. ಮೀಟರ್ ಕೂಗಲಿಲ್ಲ. ಕೂದಲೆಳೆಯಂಥ ತಂತಿ ಬೋರ್ಡಿಗೆ ಸೇರುವಲ್ಲಿ ತುಂಡಾಗಿತ್ತು. ಸುಟ್ಟ ಗುರುತೇ ಇಲ್ಲ. ಹಿಂದೆ ಬಿಚ್ಚಿದವರು ಕಡ್ಡಿಯನ್ನು ಎತ್ತಿ ನೋಡುವಾಗ ಎಳೆದಿರಬೇಕು. ಹಾಸನಕ್ಕೆ ಬಂದಾಗ ಗಡಿಯಾರದಲ್ಲಿ ದೋಷ ಇರಲಿಲ್ಲ. ದೋಷ ಹುಡುಕಲು ಹೋಗಿ ದೋಷ ಹುಟ್ಟಿತು.

ಸುರುಳಿ ಒಂದು ಸುತ್ತೂ ಬಿಚ್ಚದಂತೆ ನೋಡಿಕೊಳ್ಳಬೇಕಿತ್ತು. ಆ ಸುರುಳಿ, ಅದರ ಪಕ್ಕದ ಪುಟ್ಟ ಕೆಪಾಸಿಟರ್ ಎರಡೂ ಸೇರಿಯೇ 77.5ಕ್ಕೆ ಶ್ರುತಿ ಮಾಡಿರುವುದು. ತಂತಿಯ ತುದಿಯ ಎನಾಮಲ್ ಅನ್ನು ಬ್ಲೇಡಿನಿಂದ ಮೆಲ್ಲಗೆ ಕೆರೆದು ಬೆಸುಗೆ ಹಾಕಿದೆ. ಮೀಟರ್ ಕೂಗಿತು.

ಆದರೂ ಗಡಿಯಾರ ಕಿವುಡಾಗಿಯೇ ಇತ್ತು. ಈ ಸಲ ತಪ್ಪು ನನ್ನದು. ಬಳೆಯನ್ನು ಮೇಜಿನ ಮೇಲೆ ಮಲಗಿಸಿ ಅದರ ಮೇಲೆ ಗಡಿಯಾರ ಇಟ್ಟಿದ್ದೆ. ಕಡ್ಡಿ ಒಳಗೆ ಅಡ್ಡಡ್ಡಲಾಗಿದೆ. ಕಡ್ಡಿ ಬಳೆಯೊಳಗೆ ತೂರುವ ದಿಕ್ಕಿನಲ್ಲಿ ಬಳೆ ನಿಲ್ಲಬೇಕು, ಆಗಲೇ ಒಂದರ ಕಾಂತಕ್ಷೇತ್ರ ಇನ್ನೊಂದರ ಸುರುಳಿಯೊಳಗೆ ಹಾಯುವುದು. ಬಳೆಯನ್ನು ಎಬ್ಬಿಸಿ ಗಡಿಯಾರದ ಬಲಬದಿಗೆ ಆನಿಸಿದೆ. ಮೊಬೈಲ್ ಚಾರ್ಜರ್ ಮತ್ತು ಯುಪಿಎಸ್ ಇದ್ದ ಮೂಲೆಯಿಂದ ಮೇಜನ್ನೂ ದೂರ ಸರಿಸಿದೆ. ಅವುಗಳೊಳಗಿನ ಸರ್ಕ್ಯೂಟ್‌ಗಳು ಇದೇ ಆಸುಪಾಸಿನ ಅಲೆಗಳಲ್ಲಿ ಗಲಾಟೆ ಮಾಡುತ್ತವೆ. ನಾಲ್ಕನೇ ನಿಮಿಷಕ್ಕೆ ಟವರ್ ಮಿನುಗುವುದು ನಿಂತು, ನೆಟ್ಟಗೆ ಉಳಿಯಿತು.

ಚಿಕ್ಕಪ್ಪ ಎಚ್‌ಎಂಟಿ ನೋಡಿದರು, ಫೋನ್ ನೋಡಿದರು. "ಒಂದು ನಿಮಿಷ ಲೇಟು" ಎಂದರು.

ನಿಜ. ಡಿಸಿಎಫ್ ಈ ನಿಮಿಷದಲ್ಲಿ ಹೇಳುವುದು ಮುಂದಿನ ನಿಮಿಷದ ಟೈಮ್. ಹೇಳಿ ಮುಗಿಸುವಷ್ಟರಲ್ಲಿ ಆ ನಿಮಿಷ ಶುರುವಾಗಿರಬೇಕಲ್ವಾ. ನಾನು ನಡೆಯುತ್ತಿದ್ದ ನಿಮಿಷವನ್ನೇ ಕಳಿಸುತ್ತಿದ್ದೆ. ಪ್ರೋಗ್ರಾಂನಲ್ಲಿ ಅರವತ್ತು ಸೆಕೆಂಡ್ ಕೂಡಿಸಿದೆ. ಸರಿಹೋಯಿತು. ಚಿಕ್ಕಮ್ಮ ಅವತ್ತು ಅಕ್ಕಿರೊಟ್ಟಿ ಮಾಡಿದ್ದರು, ತಿಂದು ಮನೆಗೆ ಬಂದೆ.

2070ನೇ ಇಸವಿ

ಎರಡು ವಾರ ಬಿಟ್ಟು ಬೆಳಗಿನ ಐದು ಗಂಟೆಗೆ ಫೋನ್. "ಒಂಬತ್ತು ಗಂಟೆ ತೋರಿಸ್ತಿದೆ ಕಣೋ. ಜನವರಿ ಒಂದು. ಹೊರಗೆ ಕತ್ತಲು."

ವರ್ಷ ಎಷ್ಟಿದೆ ನೋಡಿ ಎಂದೆ. 70. ಆಗ ಅರ್ಥವಾಯಿತು. ಕಂಪ್ಯೂಟರ್ ಲೆಕ್ಕದಲ್ಲಿ ಕಾಲ ಶುರುವಾಗುವುದು 1970ರ ಜನವರಿ 1ರಂದು, ಗ್ರೀನಿಚ್‌ನ ಮಧ್ಯರಾತ್ರಿಗೆ. ಆಗ ನಮ್ಮಲ್ಲಿ ಬೆಳಗಿನ ಐದೂವರೆ. ಇಂಟರ್ನೆಟ್ ಸಿಗದಿದ್ದರೆ ಬೋರ್ಡ್ ಎದ್ದಾಗ ಅದರ ತಲೆಯಲ್ಲಿರುವುದು ಅದೇ ಹೊತ್ತು. ಡಿಸಿಎಫ್‌ನಲ್ಲಿ ವರ್ಷಕ್ಕೆ ಎರಡೇ ಅಂಕಿ, ಹಾಗಾಗಿ ಗಡಿಯಾರ ಅದನ್ನು 2070 ಅಂದುಕೊಂಡಿದೆ.

ಬಾಕಿ ಲೆಕ್ಕ ಚಿಕ್ಕಪ್ಪನೇ ಮಾಡಿದರು. ಐದೂವರೆಗೆ ಎದ್ದ ಬೋರ್ಡ್ ಒಂಬತ್ತು ತಲುಪಬೇಕಾದರೆ ಮೂರೂವರೆ ಗಂಟೆ. ಈಗ ಐದು. ಅಂದರೆ ರಾತ್ರಿ ಒಂದೂವರೆಗೆ ಕರೆಂಟ್ ವಾಪಸ್ ಬಂದಿದೆ. ಒಂದೂವರೆಗೆ ಫ್ರಿಜ್ ಗುಂಯ್ ಅಂದದ್ದು ಚಿಕ್ಕಮ್ಮನಿಗೂ ನೆನಪಿತ್ತು. ಮಳೆಗೆ ಕರೆಂಟ್ ಹೋಗಿತ್ತು, ಬಂತು. ಆದರೆ ಇಂಟರ್ನೆಟ್ ಕೇಬಲ್ ಎಲ್ಲೋ ಬಿದ್ದಿತ್ತು, ಬರಲಿಲ್ಲ. ಎರಡು ಗಂಟೆಗೆ ಗಡಿಯಾರ ಕಿವಿ ತೆರೆದಾಗ ಬೋರ್ಡ್ ಜನವರಿ ಒಂದರ ಆರು ಗಂಟೆ ಅಂತ ಕೂಗುತ್ತಿತ್ತು. ನಂಬಿತು.

ಇದು ಪೂರ್ತಿ ನನ್ನ ಎಡವಟ್ಟು. ಗೊತ್ತಿಲ್ಲದಿದ್ದರೆ ಸುಮ್ಮನಿರು ಎಂದು ಬೋರ್ಡಿಗೆ ನಾನು ಹೇಳಿರಲಿಲ್ಲ. ಸಿಗ್ನಲ್ ಇಲ್ಲದಿದ್ದರೆ ಗಡಿಯಾರ ತನ್ನ ಹರಳನ್ನೇ ನಂಬಿಕೊಂಡು ನಡೆಯುತ್ತದೆ, ಒಂದು ರಾತ್ರಿಗೆ ಅರ್ಧ ಸೆಕೆಂಡೂ ತಪ್ಪುವುದಿಲ್ಲ. ತಪ್ಪು ಸಿಗ್ನಲ್ ಸಿಕ್ಕರೆ ವರ್ಷವೇ ತಪ್ಪುತ್ತದೆ. ಪ್ರೋಗ್ರಾಂ ತಿದ್ದಿದೆ: ಕಳೆದ ಆರು ಗಂಟೆಯೊಳಗೆ ಇಂಟರ್ನೆಟ್ ಟೈಮ್ ಸಿಕ್ಕಿದ್ದರೆ ಮಾತ್ರ ಪ್ರಸಾರ, ಇಲ್ಲದಿದ್ದರೆ ಪಿನ್ ಸತ್ತಂತಿರಬೇಕು.

ತಿದ್ದುತ್ತಿರುವಾಗ ಚಿಕ್ಕಪ್ಪ ಪಕ್ಕದಲ್ಲಿ ಕೂತಿದ್ದರು. "ರಾತ್ರಿ ಎರಡು ಗಂಟೆಗೆ ಯಾಕೆ ಅದು ಟೈಮ್ ತಗೊಳ್ಳೋದು?" ಎಂದು ಕೇಳಿದರು. ದೂರದ ಸಿಗ್ನಲ್ ರಾತ್ರಿ ಚೆನ್ನಾಗಿ ಕೇಳುತ್ತದೆ, ಮನೆಯ ಮೆಷಿನ್‌ಗಳ ಗಲಾಟೆಯೂ ಕಡಿಮೆ, ಅದಕ್ಕೆ ಎಂದೆ. "ಇದು ಒಂದು ಗೇಣು ದೂರದ ಸಿಗ್ನಲ್. ಇದಕ್ಕೆ ಯಾಕೆ ರಾತ್ರಿ?" ಎಂದರು. ನನ್ನ ಹತ್ತಿರ ಉತ್ತರ ಇರಲಿಲ್ಲ.

ಹಾಗಾಗಿ ಈಗ ಬೋರ್ಡ್ ದಿನಕ್ಕೆ ಒಂದೇ ಸಲ ಮಾತಾಡುತ್ತದೆ, ಮಧ್ಯಾಹ್ನ 3:55ರಿಂದ 4:10ರವರೆಗೆ. ರಾತ್ರಿ ಗಡಿಯಾರ ಹುಡುಕಿದರೆ ಏನೂ ಸಿಗುವುದಿಲ್ಲ, ತನ್ನ ಪಾಡಿಗೆ ನಡೆಯುತ್ತದೆ. ಸರಿಯಾಗಿ 16:00ಕ್ಕೆ ಚಿಕ್ಕಪ್ಪ ಕನ್ನಡಕ ಹಾಕಿಕೊಂಡು ಮೇಜಿನ ಮುಂದೆ ಕೂತು ಹಿಂಬದಿಯ ಬಟನ್ ಒತ್ತುತ್ತಾರೆ. ಟವರ್ ನಿಲ್ಲುವವರೆಗೆ ಏಳುವುದಿಲ್ಲ. ಆಮೇಲೆ ಎಚ್‌ಎಂಟಿಯ ಕೀಲಿ ಎಳೆದು ಅದನ್ನೂ ಸರಿಮಾಡಿ, ಪಂಚಾಂಗದ ಹಿಂಬದಿಯಲ್ಲಿ ಎಷ್ಟು ಸೆಕೆಂಡ್ ತಿದ್ದಿದೆ ಅಂತ ಬರೆಯುತ್ತಾರೆ.

ಚಿಕ್ಕಮ್ಮನ ದೂರು ಮಾತ್ರ ಉಳಿದಿದೆ. ನಾಲ್ಕು ಗಂಟೆ ಕಾಫಿ ಈಗ ನಾಲ್ಕೂ ಏಳಕ್ಕೆ ಆಗುತ್ತಿದೆಯಂತೆ.